ಎರೆ ಹೊಲದ ಕೆಳಗಿನ ಗೋಡೆ: ಭೀಮಾ ದಂಡೆಯಲ್ಲೊಂದು ಭೂಭೌತಿಕ ಸಮೀಕ್ಷೆ

ತೊಗರಿ ಕೊಯ್ದು ರಾಶಿ ಮುಗಿದ ಮೇಲೆ, ಎರೆ ನೆಲ ಬಾಯಿ ಬಿಡುವ ಮುಂಚೆ, ಸಿಗುವುದು ಹೆಚ್ಚೆಂದರೆ ಮೂರು ವಾರ. ಜನವರಿ ಕೊನೆಯಿಂದ ಫೆಬ್ರುವರಿ ನಡುವಿನವರೆಗೆ. ಚಿತ್ತಾಪುರ ತಾಲ್ಲೂಕಿನಲ್ಲಿ ಭೀಮಾ ದಂಡೆಯ ಒಂದು ಹೊಲವನ್ನು, ಕೆಳಗೆ ಹಳೆಯ ಗೋಡೆಗಳಿವೆಯೇ ಎಂದು ಅಗೆಯದೆ ತಿಳಿಯಲು, ನಾವು ಯಂತ್ರಗಳಿಂದ ಅಳೆದದ್ದು ಆ ಮೂರು ವಾರದಲ್ಲೇ. ಅದಕ್ಕೂ ಮುಂಚೆ ಹೋದರೆ ಬೆಳೆ ನಿಂತಿರುತ್ತದೆ. ಮಳೆಗಾಲದಲ್ಲಿ ಹೋದರೆ ಎಲ್ಲ ಕಡೆ ಒಂದೇ ಸಮ ಹಸಿ, ಕಲ್ಲಿಗೂ ಮಣ್ಣಿಗೂ ಯಂತ್ರಕ್ಕೆ ಭೇದ ತಿಳಿಯುವುದಿಲ್ಲ. ಮಾರ್ಚ್ ದಾಟಿದರೆ ಅಂಗೈ ಇಳಿಯುವಷ್ಟು ಬಿರುಕು ಬಿದ್ದು, ಓದುವ ಅಂಕಿಗಳೆಲ್ಲ ಆ ಬಿರುಕಿನದೇ ಆಗುತ್ತವೆ.

ಈ ದಂಡೆಯ ಮಹತ್ವ ಗೊತ್ತಿರುವುದೇ. ಸನ್ನತಿಯ ಚಂದ್ರಲಾಂಬಾ ಗುಡಿಯ ಆವರಣದಲ್ಲಿ 1986ರಲ್ಲಿ ಕಾಳಿ ಗುಡಿಯ ಚಾವಣಿ ಕುಸಿದಾಗ, ಮೂರ್ತಿಯ ಪೀಠವಾಗಿದ್ದ ಕಲ್ಲಿನ ಮೇಲೆ ಅಶೋಕನ ಶಾಸನ ಕಂಡಿತು. ಪಕ್ಕದ ಕನಗನಹಳ್ಳಿಯಲ್ಲಿ 1990ರ ದಶಕದ ಉತ್ಖನನದಲ್ಲಿ ಮಹಾಸ್ತೂಪವೂ, ‘ರಾಯ ಅಸೋಕೋ’ ಎಂದು ಬ್ರಾಹ್ಮಿಯಲ್ಲಿ ಬರೆದ ಶಿಲ್ಪವೂ ಹೊರಬಂದವು. ಇಂಥ ಕಡೆ ನೆಲದ ಕೆಳಗೆ ಇನ್ನೇನಿದೆ ಎಂದು ತಿಳಿಯಲು ಸಿಕ್ಕಸಿಕ್ಕಲ್ಲಿ ಗುದ್ದಲಿ ಹಾಕುವುದು ತಪ್ಪು. ಅಗೆದ ಪದರವನ್ನು ಮತ್ತೆ ಕೂಡಿಸಲು ಬರುವುದಿಲ್ಲ.

ಮೊದಲೇ ಹೇಳಬೇಕಾದ ಮಾತೊಂದಿದೆ. ಯಾವ ಯಂತ್ರಕ್ಕೂ ಗೋಡೆ ಕಾಣುವುದಿಲ್ಲ. ಗೋಡೆಗೂ ಅದರ ಮಗ್ಗುಲ ಮಣ್ಣಿಗೂ ಇರುವ ವ್ಯತ್ಯಾಸ ಕಾಣುತ್ತದೆ, ಅಷ್ಟೆ. ಆ ವ್ಯತ್ಯಾಸ ಎಷ್ಟೆಂಬುದನ್ನು ತೀರ್ಮಾನಿಸುವುದು ನೆಲ ಮತ್ತು ಕಾಲ. ಇಂಗ್ಲೆಂಡಿನ ಮಣ್ಣಿನಲ್ಲಿ ರೂಢಿಯಾದ ಪದ್ಧತಿಯನ್ನು ಹಾಗೆಯೇ ತಂದು ಭೀಮಾ ದಂಡೆಯಲ್ಲಿ ಹರವಿದರೆ ಸಿಗುವ ನಕ್ಷೆ ದಾರಿ ತಪ್ಪಿಸುತ್ತದೆ.

ಹೊಲಕ್ಕೆ ಇಳಿಯುವ ಮುಂಚೆ ಒಂದು ವಾರ ಕಾಗದದ ಕೆಲಸ. ಸಂರಕ್ಷಿತ ಸ್ಮಾರಕವಾದರೆ 1958ರ ಕೇಂದ್ರ ಕಾಯ್ದೆ, ರಾಜ್ಯದ ಪಟ್ಟಿಯಲ್ಲಿದ್ದರೆ 1961ರ ಕರ್ನಾಟಕ ಕಾಯ್ದೆ. ಎರಡರಲ್ಲಿ ಯಾವುದಕ್ಕೆ ಸೇರಿದೆ ನೋಡಿ ಆಯಾ ಇಲಾಖೆಯಿಂದ ಬರಹದಲ್ಲಿ ಅನುಮತಿ ಪಡೆಯಬೇಕು. ಖಾಸಗಿ ಹೊಲವಾದರೂ ಮಾಲೀಕರ ಒಪ್ಪಿಗೆ ಬೇಕು, ಊರಿನ ಪಂಚಾಯಿತಿಗೆ ಮತ್ತು ಪೊಲೀಸ್ ಠಾಣೆಗೆ ತಿಳಿಸಿರಬೇಕು. ಗ್ರಾಮ ನಕಾಶೆ ಕೈಯಲ್ಲಿರಬೇಕು, ಏಕೆಂದರೆ ಐವತ್ತು ವರ್ಷದ ಹಿಂದೆ ಒಡೆದು ಸಮ ಮಾಡಿದ ಬದು ನಮ್ಮ ನಕ್ಷೆಯಲ್ಲಿ ನೇರವಾದ ಗೆರೆಯಾಗಿ ಮೂಡುತ್ತದೆ. ಉಪಗ್ರಹ ಚಿತ್ರಗಳಲ್ಲಿ ಸುಗ್ಗಿಗೆ ಮುಂಚಿನ ತಿಂಗಳಿನವನ್ನು ಆರಿಸಿ ನೋಡುತ್ತೇವೆ. ಕೆಳಗೆ ಕಲ್ಲಿದ್ದ ಕಡೆ ಬೇರಿಗೆ ಹಸಿ ಸಾಲದೆ ಜೋಳ ಬೇಗ ಹಳದಿಯಾಗುತ್ತದೆ.

ಆಮೇಲೆ ಚೌಕ ಹಾಕುವುದು. ಇದೇ ಸಮೀಕ್ಷೆಯ ಬೆನ್ನೆಲುಬು. ನಾವು ಹಾಕಿದ್ದು 20 ಮೀಟರಿನ ಚೌಕಗಳು, ಒಂದು ಕಡೆ ಮೂರು, ಇನ್ನೊಂದು ಕಡೆ ನಾಲ್ಕು. ಅಂದರೆ 60 ಗುಣಿಸು 80 ಮೀಟರ್, ಸುಮಾರು ಒಂದು ಎಕರೆ ಏಳು ಗುಂಟೆ. ಮೂಲೆ ಸರಿಯಾಗಿ ಲಂಬವಾಗಲು 12, 16, 20 ಮೀಟರಿನ ತ್ರಿಕೋನ ಸಾಕು. ಪ್ರತಿ ಚೌಕದ ಕರ್ಣ 28.28 ಮೀಟರ್ ಬರಬೇಕು. ಐದು ಸೆಂಟಿಮೀಟರಿಗಿಂತ ಹೆಚ್ಚು ತಪ್ಪಿದರೆ ಗೂಟ ಕಿತ್ತು ಮತ್ತೆ ಹೊಡೆಯುತ್ತೇವೆ. ಗೂಟ ಮರದ್ದೇ ಆಗಬೇಕು, ಹಗ್ಗ ನೈಲಾನಿನದು, ಮೀಟರಿಗೊಂದು ಪ್ಲಾಸ್ಟಿಕ್ ಪಟ್ಟಿ ಕಟ್ಟಿದ್ದು. ನೈಲಾನ್ ಹಗ್ಗ ಮಧ್ಯಾಹ್ನದ ಬಿಸಿಲಿಗೆ ಸಡಿಲವಾಗುತ್ತದೆ, ಹಾಗಾಗಿ ದಿನಕ್ಕೆರಡು ಸಲ ಟೇಪ್ ಹಿಡಿದು ನೋಡಲೇಬೇಕು. ಚೌಕದ ದಿಕ್ಕನ್ನು ಕುಂಟೆ ಹೊಡೆದ ಸಾಲಿಗೂ, ಗೋಡೆ ಇರಬಹುದೆಂಬ ದಿಕ್ಕಿಗೂ ಸಮಾನಾಂತರ ಇಡಬಾರದು. 20–30 ಡಿಗ್ರಿ ಓರೆ ಇಟ್ಟರೆ ನಮ್ಮ ನಡಿಗೆಯ ದೋಷದ ಗೆರೆ ಯಾವುದು, ನೆಲದ ಗೆರೆ ಯಾವುದು ಎಂದು ಕಣ್ಣಿಗೇ ತಿಳಿಯುತ್ತದೆ.

ಎರೆ ಹೊಲದಲ್ಲಿ ಮೊದಲು ಕೈಗೆತ್ತಿಕೊಳ್ಳಬೇಕಾದ್ದು ವಿದ್ಯುತ್ ರೋಧ ಅಳೆಯುವ ಮೀಟರ್. ಇದಕ್ಕೆ ನಮ್ಮ ಕಾರಣ ಸರಳ: ಹಸಿ ಎರೆ ಮಣ್ಣು ವಿದ್ಯುತ್ತನ್ನು ಸಲೀಸಾಗಿ ಹರಿಯಬಿಡುತ್ತದೆ, ಈ ಸೀಮೆಯ ಕಟ್ಟಡಗಳಲ್ಲಿ ಬಳಸಿದ ಫರಸಿ ಕಲ್ಲು ಬಿಡುವುದಿಲ್ಲ. ಫರಸಿ ಎಂದರೆ ಶಹಾಬಾದಿನ ಸುಣ್ಣಕಲ್ಲು; ಅದರ ರೋಧಕತೆ ನೂರಾರು ಓಮ್-ಮೀಟರ್, ಹಸಿ ಎರೆ ಮಣ್ಣಿನದು ಹತ್ತರ ಒಳಗೆ. ಇಷ್ಟು ವ್ಯತ್ಯಾಸ ಬೇರೆ ಯಾವ ಉಪಾಯದಲ್ಲೂ ಇಲ್ಲಿ ಸಿಗುವುದಿಲ್ಲ.

ಮೀಟರಿನ ಚೌಕಟ್ಟಿನಲ್ಲಿ ಅರ್ಧ ಮೀಟರ್ ಅಂತರದಲ್ಲಿ ಎರಡು ಸ್ಟೀಲ್ ಮೊಳೆಗಳಿರುತ್ತವೆ, ಒಂದು ವಿದ್ಯುತ್ ಬಿಡಲು, ಒಂದು ಅಳೆಯಲು. ಅಂಥದೇ ಇನ್ನೊಂದು ಜೋಡಿಯನ್ನು ದೂರದಲ್ಲಿ ನೆಟ್ಟು ಉದ್ದನೆಯ ಕೇಬಲ್ಲಿನಿಂದ ಜೋಡಿಸುತ್ತೇವೆ. ಆ ದೂರ ಮೊಳೆಗಳ ಅಂತರದ ಮೂವತ್ತು ಪಟ್ಟು ಇರಬೇಕು, ಅಂದರೆ ಕನಿಷ್ಠ 15 ಮೀಟರ್. ಅದಕ್ಕಿಂತ ಹತ್ತಿರವಾದರೆ ಚೌಕದ ಆ ಅಂಚಿನ ಅಂಕಿಗಳೆಲ್ಲ ಸುಳ್ಳೇ ಕೆಳಗಿಳಿಯುತ್ತವೆ. ಬಿಡುವ ಕರೆಂಟು 1 ಮಿಲಿ ಆಂಪಿಯರ್, ಆವರ್ತನ 137 ಹರ್ಟ್ಝ್. ಲೈನಿನ 50 ಹರ್ಟ್ಝ್ ಮತ್ತು ಅದರ ಗುಣಕಗಳಿಗೆ ತಾಕದಂತೆ ಆರಿಸಿದ ಸಂಖ್ಯೆ ಅದು. ಹೊಲದ ಮೇಲೆ ಪಂಪ್‌ಸೆಟ್ಟಿನ ತಂತಿ ಹಾದಿದ್ದರೂ ಅಂಕಿ ನಿಲ್ಲುವುದು ಅದರಿಂದಲೇ.

ಮೀಟರಿಗೊಂದರಂತೆ ಚೌಕಕ್ಕೆ 400 ಓದು, ಹನ್ನೆರಡು ಚೌಕಕ್ಕೆ 4,800. ಮೊಳೆ ನಾಲ್ಕೈದು ಸೆಂಟಿಮೀಟರ್ ಇಳಿದರೆ ಸಾಕು. ಅಂಕಿ ನಿಲ್ಲುವವರೆಗೆ ಕಾಯಬೇಕು, ಸಾಮಾನ್ಯವಾಗಿ ಒಂದು ಸೆಕೆಂಡು. ಹೊಸಬರು ಇಲ್ಲಿ ಅವಸರ ಮಾಡುತ್ತಾರೆ. ತೊಗರಿ ಕಟ್ಟಿಗೆಯ ಬುಡ ಅಡ್ಡ ಬಂದರೆ ಮೊಳೆಯನ್ನು ಒಂದು ಗೇಣು ಸರಿಸಬಹುದು, ಅದಕ್ಕಿಂತ ಹೆಚ್ಚಾದರೆ ಆ ಬಿಂದುವನ್ನು ಖಾಲಿ ಬಿಡುವುದೇ ಲೇಸು. ಮೇಲ್ಮಣ್ಣು ಒಣಗಿ ಮೊಳೆ ಹಿಡಿಯದಿದ್ದರೆ ಕೆಲವರು ಪ್ರತಿ ಬಿಂದುವಿಗೂ ನೀರು ಹಾಕುತ್ತಾರೆ. ಹಾಗೆ ಮಾಡಬಾರದು, ಪಕ್ಕದ ಬಿಂದುವಿನ ಹಸಿಯೂ ಕೆಡುತ್ತದೆ. ದೂರದ ಜೋಡಿಯ ಬುಡಕ್ಕೆ ಮಾತ್ರ ಒಂದೊಂದು ಲೋಟ ನೀರು ಹಾಕಬಹುದು.

ಎರೆ ನೆಲದಲ್ಲಿ ಬರುವ ಅಂಕಿಗಳು ತೀರ ಸಣ್ಣವು. ನಮ್ಮ ಹೊಲದಲ್ಲಿ ಬರಿಯ ಮಣ್ಣಿಗೆ 4ರಿಂದ 6 ಓಮ್, ಗೆರೆ ಕಂಡ ಕಡೆ 9ರಿಂದ 14. ಅರ್ಧ ಮೀಟರ್ ಅಂತರದ ಈ ಜೋಡಣೆಯಲ್ಲಿ ಓಮ್ ಸಂಖ್ಯೆಯನ್ನು 1.57ರಿಂದ ಗುಣಿಸಿದರೆ ರೋಧಕತೆ ಓಮ್-ಮೀಟರಿನಲ್ಲಿ ಸಿಗುತ್ತದೆ. ಮೀಟರಿನ ಗೇನ್, ಅಂದರೆ ಸೂಕ್ಷ್ಮತೆ, ಏರಿಸಿ 0.1 ಓಮ್ ತನಕ ಓದುವಂತೆ ಇಡದಿದ್ದರೆ 5, 5, 5, 6 ಎಂದು ಬಂದು ಎಲ್ಲ ಮಸಕಾಗುತ್ತದೆ. ಮೊದಲ ದಿನದ ಎರಡು ಚೌಕಗಳನ್ನು ನಾವು ಹೀಗೆಯೇ ಕಳೆದುಕೊಂಡು ಮರುದಿನ ಮತ್ತೆ ಅಳೆಯಬೇಕಾಯಿತು.

ಕೇಬಲ್ ಮುಗಿದು ದೂರದ ಜೋಡಿಯನ್ನು ಕಿತ್ತು ಬೇರೆಡೆ ನೆಡುವಾಗ ಒಂದು ಕ್ರಮವಿದೆ. ಚೌಕಟ್ಟನ್ನು ಒಂದೇ ಬಿಂದುವಿನಲ್ಲಿ ಊರಿ ಓದನ್ನು ಬರೆದುಕೊಳ್ಳಿ. ಜೋಡಿಯನ್ನು ಹೊಸ ಜಾಗದಲ್ಲಿ ನೆಡಿ. ಓದು ಮೊದಲಿನಷ್ಟೇ ಬರುವ ತನಕ ಆ ಎರಡು ಮೊಳೆಗಳ ನಡುವಿನ ಅಂತರವನ್ನು ಹೆಚ್ಚುಕಡಿಮೆ ಮಾಡಿ. ಎರಡು ನಿಮಿಷದ ಕೆಲಸ. ಬಿಟ್ಟರೆ ನಕ್ಷೆಯಲ್ಲಿ ಚೌಕ ಚೌಕವಾಗಿ ತೇಪೆ ಕಾಣುತ್ತದೆ.

ರೋಧ ಹೆಚ್ಚಿದ್ದರೆ ಗೋಡೆ ಎಂಬ ಲೆಕ್ಕವೂ ಎಲ್ಲ ಕಡೆ ನಡೆಯುವುದಿಲ್ಲ. ಈ ಸೀಮೆಯಲ್ಲಿ ಹಳೆಯ ಗೋಡೆಯ ಫರಸಿ ಕಿತ್ತು ಮನೆ ಕಟ್ಟಿಕೊಂಡ ಕಡೆಗಳು ಬಹಳ. ಕಲ್ಲು ತೆಗೆದ ಕಾಲುವೆಗೆ ಎರೆ ಮಣ್ಣು ತುಂಬಿಕೊಂಡು, ಅದು ಸುತ್ತಲಿಗಿಂತ ಹೆಚ್ಚು ಹಸಿ ಹಿಡಿಯುತ್ತದೆ. ಆಗ ಗೋಡೆಯ ಗುರುತು ಕಡಿಮೆ ರೋಧದ ಗೆರೆಯಾಗಿ ಬರುತ್ತದೆ. ಒಂದೇ ಗೆರೆ ಅರ್ಧ ದೂರ ಏರಿ, ಆಮೇಲೆ ಇಳಿದು, ಅದೇ ನೇರದಲ್ಲಿ ಮುಂದುವರಿದರೆ ನಮಗೆ ಅದು ತುಂಬಾ ಬೆಲೆಯುಳ್ಳ ಸೂಚನೆ: ಅರ್ಧ ಗೋಡೆ ಉಳಿದಿದೆ, ಅರ್ಧವನ್ನು ಒಯ್ದಿದ್ದಾರೆ.

ಈಗ ಎಲ್ಲಕ್ಕಿಂತ ದೊಡ್ಡ ಮೋಸದ ವಿಷಯ. ನದಿಯ ಕಡೆಯ ಮೂರು ಚೌಕಗಳಲ್ಲಿ ಅಚ್ಚುಕಟ್ಟಾದ ನೇರ ಗೆರೆಗಳು, ಹೆಚ್ಚುಕಡಿಮೆ ಲಂಬವಾಗಿ ಒಂದನ್ನೊಂದು ದಾಟುವಂಥವು, ಮೂಡಿದವು. ನೋಡಿದವರೆಲ್ಲ ಕೋಣೆಗಳ ಸಾಲು ಎಂದೇ ಹೇಳುತ್ತಿದ್ದರು. ಆದರೆ ಅಲ್ಲಿ ಎರೆ ಮಣ್ಣಿನ ದಪ್ಪ ಮೊಣಕಾಲುದ್ದ, ಅದರ ಕೆಳಗೆ ಹಾಸುಬಂಡೆ. ಶಹಾಬಾದಿ ಫರಸಿ ನೆಲದಲ್ಲೇ ಪದರ ಪದರವಾಗಿ ಮಲಗಿರುತ್ತದೆ, ಅದಕ್ಕೆ ಸಹಜವಾಗಿ ನೇರ ಸೀಳುಗಳಿರುತ್ತವೆ. ಗಣಿಯಲ್ಲಿ ಕಲ್ಲು ಎಬ್ಬಿಸುವವರು ಆ ಸೀಳು ಹಿಡಿದೇ ಎಬ್ಬಿಸುತ್ತಾರೆ. ಸೀಳಿನೊಳಗೆ ಎರೆ ಮಣ್ಣು ಇಳಿದು ಹಸಿ ನಿಂತರೆ ಮೀಟರಿಗೆ ಅದೂ ಒಂದು ಗೆರೆ.

ಪತ್ತೆ ಹಚ್ಚಲು ನಾವು ಮಾಡಿದ್ದು ಇಷ್ಟು. ಹೊಲದಿಂದ ಕೂಗಳತೆಯ ದೂರದಲ್ಲಿ ನದಿ ಕೊರೆದ ದಂಡೆಯಲ್ಲಿ ಬಂಡೆ ಬಯಲಾಗಿದೆ. ಅಲ್ಲಿ ಕಂಪಾಸ್ ಹಿಡಿದು ಇಪ್ಪತ್ತು ಸೀಳುಗಳ ದಿಕ್ಕನ್ನು ಬರೆದುಕೊಂಡೆವು. ನಕ್ಷೆಯ ಗೆರೆಗಳ ದಿಕ್ಕಿನ ಪಕ್ಕದಲ್ಲಿಟ್ಟು ನೋಡಿದಾಗ ಆ ಮೂರು ಚೌಕಗಳ ಗೆರೆಗಳೆಲ್ಲ ಸೀಳಿನ ದಿಕ್ಕಿಗೇ ಬಂದವು. ಇನ್ನೊಂದು ಲಕ್ಷಣವೂ ಇದೆ: ಸೀಳು ಹೊಲದ ಈ ತುದಿಯಿಂದ ಆ ತುದಿಗೆ ದಾಟಿಕೊಂಡು ಹೋಗುತ್ತದೆ, ಗೋಡೆ ತಿರುಗುತ್ತದೆ, ಮೂಲೆ ಕಟ್ಟುತ್ತದೆ, ನಿಲ್ಲುತ್ತದೆ. ಹೊಲದ ನಡುವೆ ಸೀಳಿನ ದಿಕ್ಕಿಗೆ ಹೊಂದದ, ಸುಮಾರು ಒಂದು ಮೀಟರ್ ಅಗಲದ ಗೆರೆ ಎರಡು ಕಡೆ ತಿರುಗಿ ಮೂಲೆ ಮಾಡಿತ್ತು. ಅದನ್ನೇ ನಾವು ಗೋಡೆ ಎಂದು ಗುರುತಿಸಿದ್ದು. ಆ ಗೆರೆ ಹಾದ ನಾಲ್ಕು ಚೌಕಗಳನ್ನು ಅರ್ಧ ಮೀಟರಿಗೊಂದು ಓದಿನಂತೆ ಮತ್ತೆ ಅಳೆದೆವು. ಮೊಳೆಗಳ ಅಂತರವನ್ನು ಒಂದು ಮೀಟರಿಗೆ ಏರಿಸಿ ಎರಡು ಸಾಲು ನೋಡಿದಾಗಲೂ ಗೆರೆ ಉಳಿಯಿತು, ಅಂದರೆ ಅದು ಬರಿಯ ಮೇಲ್ಮಣ್ಣಿನ ಕಲ್ಲುರಾಶಿ ಆಗಿರಲಿಲ್ಲ.

ಎರಡನೆಯದು ಕಾಂತಮಾಪಕ, ಫ್ಲಕ್ಸ್‌ಗೇಟ್ ಗ್ರೇಡಿಯೊಮೀಟರ್. ಒಂದರ ಮೇಲೊಂದು ಇಟ್ಟ ಎರಡು ಸಂವೇದಕಗಳ ನಡುವಿನ ವ್ಯತ್ಯಾಸವನ್ನು ಅದು ಓದುತ್ತದೆ, ಹಾಗಾಗಿ ದಿನದ ಹೊತ್ತಿಗೆ ಭೂಮಿಯ ಕಾಂತಕ್ಷೇತ್ರ ಏರಿಳಿದರೂ ಅಡ್ಡಿಯಿಲ್ಲ. ಇಲ್ಲಿ ಆ ಕ್ಷೇತ್ರ ಸುಮಾರು 42,000 ನ್ಯಾನೊಟೆಸ್ಲಾ; ನಾವು ಹುಡುಕುವುದು ಅದರಲ್ಲಿ ಒಂದರಿಂದ ಇಪ್ಪತ್ತು ನ್ಯಾನೊಟೆಸ್ಲಾದ ಏರುಪೇರು. ಹೊತ್ತು ನಡೆಯುವವರ ಮೈಮೇಲೆ ಕಬ್ಬಿಣ ಇರಬಾರದು: ಬೆಲ್ಟಿನ ಬಕಲ್, ಬೀಗದ ಕೈ, ಮೊಬೈಲ್, ತಲೆಪಿನ್ನು, ಸ್ಟೀಲ್ ಚೌಕಟ್ಟಿನ ಕನ್ನಡಕ. ಬೆಳ್ಳಿ ಕಾಲುಂಗುರ, ಬಂಗಾರದ ತಾಳಿ ತೆಗೆಯಬೇಕಿಲ್ಲ, ಅವಕ್ಕೆ ಕಾಂತಗುಣವಿಲ್ಲ. ಇದನ್ನು ಮೊದಲೇ ಹೇಳಿಬಿಟ್ಟರೆ ತಂಡದ ಹೆಣ್ಣುಮಕ್ಕಳಿಗೆ ಸುಮ್ಮನೆ ಮುಜುಗರವಾಗುವುದಿಲ್ಲ. ಯಂತ್ರವನ್ನು ಇಪ್ಪತ್ತು ನಿಮಿಷ ಬಿಸಿಲಿನಲ್ಲೇ ಇಟ್ಟು ಆ ಶಾಖಕ್ಕೆ ಹೊಂದಿಕೊಳ್ಳಲು ಬಿಟ್ಟು, ಆಮೇಲೆ ಕಾಂತದ ಏರುಪೇರಿಲ್ಲದ ಜಾಗದಲ್ಲಿ ಸೊನ್ನೆ ಮಾಡಬೇಕು. ಪ್ರತಿ ಚೌಕಕ್ಕೂ ಅದೇ ಜಾಗಕ್ಕೆ ಮರಳಿ ಬಂದು ನೋಡಬೇಕು. ಟ್ರ್ಯಾಕ್ಟರನ್ನು ಐವತ್ತು ಹೆಜ್ಜೆ ಆಚೆ ನಿಲ್ಲಿಸಬೇಕು. ಬೋರ್‌ವೆಲ್ಲಿನ ಕಬ್ಬಿಣದ ಕೇಸಿಂಗ್ ಸುತ್ತ ಹದಿನೈದು ಮೀಟರ್ ಏನನ್ನೂ ಓದಲಾಗುವುದಿಲ್ಲ, ಅಷ್ಟು ಜಾಗವನ್ನು ಬಿಟ್ಟೇ ಬಿಡಬೇಕು.

ನಮ್ಮ ಅಕ್ಷಾಂಶದ ತೊಡಕು ಬೇರೆಯೇ. ಉತ್ತರ ಯುರೋಪಿನಲ್ಲಿ ಭೂಕಾಂತದ ಗೆರೆಗಳು 65–70 ಡಿಗ್ರಿ ಕಡಿದಾಗಿ ನೆಲಕ್ಕೆ ಇಳಿಯುತ್ತವೆ, ಏರುಪೇರು ವಸ್ತುವಿನ ನೆತ್ತಿಯ ಮೇಲೇ ಕಾಣುತ್ತದೆ. ಇಲ್ಲಿ ಆ ಇಳಿಜಾರು 20–25 ಡಿಗ್ರಿ, ಬಹುಪಾಲು ಅಡ್ಡಡ್ಡ. ಹಾಗಾಗಿ ಒಂದು ಬೂದಿಗುಂಡಿಯ ಗುರುತು ಎರಡಾಗಿ ಒಡೆದು, ದಕ್ಷಿಣಕ್ಕೆ ಧನ, ಉತ್ತರಕ್ಕೆ ಋಣ ಆಗಿ ಬರುತ್ತದೆ. ವಸ್ತು ಇರುವುದು ಎರಡರ ನಡುವೆ. ಧನದ ಶಿಖರಕ್ಕೇ ಗೂಟ ಹೊಡೆದರೆ ವಸ್ತುವಿನ ನೆತ್ತಿ ತಪ್ಪುತ್ತದೆ. ಉತ್ತರ–ದಕ್ಷಿಣ ಹಬ್ಬಿದ ಗೋಡೆ ತನ್ನ ಉದ್ದಕ್ಕೂ ಮಂಕಾಗಿ, ತುದಿಗಳಲ್ಲಿ ಮಾತ್ರ ಮಿನುಗುತ್ತದೆ. ಪೂರ್ವ–ಪಶ್ಚಿಮದ ಗೋಡೆ ಚೆನ್ನಾಗಿ ಕಾಣುತ್ತದೆ. ಫರಸಿ ಕಲ್ಲಿಗೆ ಕಾಂತಗುಣ ಇಲ್ಲವೇ ಇಲ್ಲವೆನ್ನಬಹುದು, ಕರಿಕಲ್ಲು ಸವೆದು ಆದ ಎರೆ ಮಣ್ಣಿಗೆ ಅದು ಹೆಚ್ಚು. ಹಾಗಾಗಿ ಇಲ್ಲಿನ ಗೋಡೆಯ ಗುರುತು ತಲೆಕೆಳಗು, ದಕ್ಷಿಣಕ್ಕೆ ಋಣ. ದಿಕ್ಕಿನ ಈ ಭೇದವನ್ನು ಮೇಲೆ ಹೇಳಿದ ಗೋಡೆಯ ಮೂಲೆಯಲ್ಲಿ ನಾವು ಕಂಡೆವು: ರೋಧದ ನಕ್ಷೆಯ ಒಂದು ಬಾಹು ಕಾಂತದ ನಕ್ಷೆಯಲ್ಲೂ ಬಂತು, ಇನ್ನೊಂದು ಬರಲಿಲ್ಲ. ಬಾರದ್ದು ಉತ್ತರ–ದಕ್ಷಿಣದ್ದು.

ಹೊಲದಲ್ಲಿ ಬಿದ್ದ ಕರಿಕಲ್ಲಿನ ಗುಂಡುಗಳು ದೊಡ್ಡ ಕಾಟ. ಅವು ಲಾವಾ ಆರುವಾಗಲೇ ಕಾಂತತೆ ಹಿಡಿದಿಟ್ಟುಕೊಂಡಿರುತ್ತವೆ, ಉರುಳಿ ಬಿದ್ದ ಮೇಲೆ ಒಂದೊಂದು ಒಂದೊಂದು ದಿಕ್ಕಿಗೆ. ಸುಟ್ಟ ಇಟ್ಟಿಗೆಯೂ ಹಾಗೆಯೇ: ಗೂಡಿನಲ್ಲಿ ಬೆಂದು, ಗೋಡೆಗೆ ಬಂದಾಗ ತಿರುವುಮುರುವಾಗಿ, ಗೆರೆಯುದ್ದಕ್ಕೂ ಧನ ಋಣ ಚೆಲ್ಲಾಪಿಲ್ಲಿ. ಇದ್ದಲ್ಲೇ ಸುಟ್ಟ ಒಲೆ, ಕುಂಬಾರನ ಆವಿಗೆ ಮಾತ್ರ ಒಂದೇ ತುಂಡಾದ ಗಟ್ಟಿ ಗುರುತು ಕೊಡುತ್ತವೆ. ಸುರಪುರ ಕಡೆಯ ಬೂದಿಹಾಳದಂಥ ನವಶಿಲಾಯುಗದ ಬೂದಿದಿಬ್ಬಗಳು ಕಾಂತಮಾಪಕಕ್ಕೆ ಹೇಳಿ ಮಾಡಿಸಿದ ನೆಲ ಎಂಬ ನಮ್ಮ ಅಭಿಪ್ರಾಯಕ್ಕೆ ಇದೇ ಆಧಾರ. ಸೆಗಣಿ ರಾಶಿ ರಾಶಿಯಾಗಿ ಉರಿದ ಜಾಗ ಅವು.

ಹೊಲದ ಏರು ಕಡೆ, ಮುರುಮ್ ನೆಲವಿರುವಲ್ಲಿ, ಒಂದೇ ಸಾಲಿಗೆ ಮೂರು ದುಂಡನೆಯ ಗುರುತು ಸಿಕ್ಕವು. ತಲಾ ಎರಡು ಮೀಟರ್ ಅಗಲ, 15ರಿಂದ 20 ನ್ಯಾನೊಟೆಸ್ಲಾ, ರೋಧವೂ ಅಲ್ಲಿ ಕಡಿಮೆ. ಪ್ರಾಚೀನ ಗುಂಡಿಗಳಿಗೆ ಇರಬೇಕಾದ ಲಕ್ಷಣ ಎಲ್ಲ ಇದ್ದವು. ಹೊಲದ ಹಿರಿಯರನ್ನು ಕರೆದು ಜಾಗ ತೋರಿಸಿದೆವು.

“ಮುತ್ಯಾ, ಇಲ್ಲಿ ಮೊದಲ ಏನರ ಇತ್ತೇನ್ರಿ?”

“ಅದು ನಮ್ಮ ಹಳೇ ಕಣರೀ. ಅಲ್ಲೇ ಮೂರು ಹಗೇವು ಇದ್ದವು. ಜ್ವಾಳ ತುಂಬಾಕ ಮೊದಲ ಒಳಗ ಬೆಂಕಿ ಹಾಕಿ ಒಣಗಸ್ತಿದ್ದಿವಿ. ನಮ್ಮಪ್ಪ ಇದ್ದಾಗೇ ಮುಚ್ಚೀವಿ.”

ಹಗೇವಿನ ಗೋಡೆಗೆ ಬೆಂಕಿ ತಾಕಿದೆ, ಆಮೇಲೆ ಮೇಲ್ಮಣ್ಣು ತುಂಬಿದೆ. ಯಂತ್ರ ಹೇಳಿದ್ದು ಸರಿಯೇ ಇತ್ತು. ಕಾಲ ಯಾವುದೆಂದು ಅದು ಹೇಳಲಾರದು. ಹಾಗಾಗಿ ಹೊಲ ಉತ್ತವರ ಜೊತೆ ಒಂದು ಸಂಜೆ ಕುಳಿತು ಕಣ ಎಲ್ಲಿತ್ತು, ತಿಪ್ಪೆ ಎಲ್ಲಿತ್ತು, ಬದು ಯಾವಾಗ ಒಡೆದರು, ಕೆರೆ ಮಣ್ಣು ಯಾವ ಕಡೆ ಹೊಡೆದರು ಎಂದು ನಕಾಶೆಯ ಮೇಲೆ ಬರೆದುಕೊಳ್ಳುವುದನ್ನು ನಾವು ಸಮೀಕ್ಷೆಯ ಒಂದು ಹಂತವಾಗಿಯೇ ಎಣಿಸುತ್ತೇವೆ.

ಮೂರನೆಯದು ರಾಡಾರ್, ನೆಲದೊಳಗೆ ರೇಡಿಯೊ ಅಲೆ ಬಿಟ್ಟು ಮರಳಿ ಬರುವ ಅಲೆಯನ್ನು ಓದುವ ಯಂತ್ರ. ಅದರ ವಿಷಯ ಬೇಗ ಮುಗಿಸಬಹುದು. 400 ಮೆಗಾಹರ್ಟ್ಝ್ ಆಂಟೆನಾವನ್ನು ಎರೆ ಹೊಲದಲ್ಲಿ ಎಳೆದೆವು. ಹದಿನೈದು ನ್ಯಾನೊಸೆಕೆಂಡಿನೊಳಗೆ ಅಲೆ ಸತ್ತುಹೋಯಿತು, ಅಂದರೆ ಸುಮಾರು ಅರ್ಧ ಮೀಟರ್ ಆಳದಲ್ಲಿ. ವಿದ್ಯುತ್ ಚೆನ್ನಾಗಿ ಹರಿಯುವ ಜೇಡಿ ಅಲೆಯನ್ನು ನುಂಗುತ್ತದೆ. ರೋಧದ ಮೀಟರಿಗೆ ಅನುಕೂಲವಾದ ಗುಣವೇ ರಾಡಾರಿಗೆ ಶತ್ರು. ಬೀದರಿನ ಕೆಮ್ಮಣ್ಣಿನ ಜಂಬಿಟ್ಟಿಗೆ ನೆಲದ ಮಾತು ಬೇರೆ. ಅಲ್ಲಿ ಬೇಸಿಗೆಯಲ್ಲಿ ಒಣಗಿದ ನೆಲದ ಮೇಲೆ, ಹಾಸುಗಲ್ಲಿನ ಅಂಗಳಗಳಲ್ಲಿ, ಮೊಳೆ ಊರಲು ಬರದ ಕಡೆ ರಾಡಾರೇ ದಿಕ್ಕು. ಅಲೆಯ ವೇಗ ನ್ಯಾನೊಸೆಕೆಂಡಿಗೆ 0.075 ಮೀಟರ್ ಇದ್ದರೆ 400 ಮೆಗಾಹರ್ಟ್ಝ್‌ಗೆ ತರಂಗಾಂತರ 19 ಸೆಂಟಿಮೀಟರ್. ಅದರ ಕಾಲುಭಾಗ, ಸುಮಾರು ಐದು ಸೆಂಟಿಮೀಟರಿಗಿಂತ ತೆಳುವಾದ ಪದರ ಪ್ರತ್ಯೇಕವಾಗಿ ಕಾಣುವುದಿಲ್ಲ. ಬೀದರಿನ ಬಳಿಯ ನೌಬಾದಿನ ಕರೇಜಿನಂಥ ನೀರಿನ ಸುರಂಗ ಹುಡುಕಲು ಇನ್ನೂ ಕಡಿಮೆ ಆವರ್ತನದ ಆಂಟೆನಾ ಬೇಕು, ಜೊತೆಗೆ ಮೀಟರಿಗೊಂದರಂತೆ 48 ಮೊಳೆ ನೆಟ್ಟು ಉದ್ದಕ್ಕೆ ಸೀಳುನೋಟ ತೆಗೆಯುವ ರೋಧ ಟೋಮೊಗ್ರಫಿ. 47 ಮೀಟರಿನ ಆ ಸಾಲು ಎಂಟು ಮೀಟರಿನಷ್ಟು ಆಳ ತೋರಿಸುತ್ತದೆ. ಗಾಳಿ ತುಂಬಿದ ಸುರಂಗ ಹೆಚ್ಚು ರೋಧ ಕೊಡುತ್ತದೆ, ನೀರೋ ಹೂಳೋ ತುಂಬಿದ್ದು ಕಡಿಮೆ. ಒಂದೇ ಸುರಂಗ ಬೇಸಿಗೆಯಲ್ಲೊಂದು ಬಣ್ಣ, ಮಳೆ ಮುಗಿದ ಮೇಲೆ ಇನ್ನೊಂದು ಬಣ್ಣ.

ಸಂಜೆ ಕಂಪ್ಯೂಟರಿನ ಮುಂದೆ ಆಗುವ ತಪ್ಪುಗಳು ಹೊಲದ ತಪ್ಪುಗಳಿಗಿಂತ ಕಡಿಮೆಯಲ್ಲ. ಸಾಲು ಸಾಲಿಗೆ ಸರಾಸರಿಯನ್ನು ಸೊನ್ನೆ ಮಾಡುವ ಗುಂಡಿ ಒತ್ತಿದರೆ ಯಂತ್ರದ ಪಟ್ಟೆಗಳು ಮಾಯವಾಗುತ್ತವೆ, ಆದರೆ ನಡೆದ ಸಾಲಿನ ನೇರಕ್ಕೇ ಇದ್ದ ಗೋಡೆಯೂ ಅದರ ಜೊತೆ ಅಳಿಸಿಹೋಗುತ್ತದೆ. ಚೌಕವನ್ನು ಓರೆ ಇಡಬೇಕೆಂದದ್ದು ಇದಕ್ಕೂ ಹೌದು. ಹಿನ್ನೆಲೆ ತೆಗೆಯುವ ಸೋಸುವಿಕೆಗೆ ಹತ್ತು ಮೀಟರಿನ ಕಿಟಕಿ ಬಳಸುತ್ತೇವೆ. ಅದಕ್ಕಿಂತ ಸಣ್ಣದಾದರೆ ಗಟ್ಟಿ ಗುರುತಿನ ಸುತ್ತ ಇಲ್ಲದ ಕಂದಕ ಹುಟ್ಟಿಕೊಳ್ಳುತ್ತದೆ. ಕಾಂತದ ನಕ್ಷೆಯನ್ನು ಧನ ಋಣ 5 ನ್ಯಾನೊಟೆಸ್ಲಾಕ್ಕೆ ಕತ್ತರಿಸಿ ನೋಡುತ್ತೇವೆ, ಆಮೇಲೆ 20ಕ್ಕೆ. ಮೂಲ ಕಡತವನ್ನು ಮುಟ್ಟದೆ ಎರಡು ಕಡೆ ಇಡಬೇಕು. ವರದಿಯಲ್ಲಿ ಪ್ರತಿ ಗುರುತಿಗೂ ‘ಖಚಿತ’, ‘ಸಂಭವ’, ‘ಅನುಮಾನ’ ಎಂದು ದರ್ಜೆ ಕೊಟ್ಟು, ಕಾರಣ ಬರೆಯಬೇಕು. ನಮ್ಮ ಗೋಡೆಯ ಮೂಲೆಗೆ ನಾವು ಕೊಟ್ಟದ್ದು ‘ಸಂಭವ’. ಉತ್ಖನನದ ಪರವಾನಗಿ ಪಡೆದವರು ತೆಗೆದು ನೋಡುವ ತನಕ ಅದು ಖಚಿತವಾಗುವುದಿಲ್ಲ.

ನಿಧಿಯ ಮಾತನ್ನು ಬಿಡಲು ಬರುವುದಿಲ್ಲ. ಮೊದಲ ದಿನವೇ ಬದುವಿನ ಮೇಲೆ ಹತ್ತು ಮಂದಿ ಕೂಡಿದ್ದರು.

“ಏನ್ ಹುಡುಕ್ಲತ್ತೀರಿ ಸಾಹೇಬ್ರ? ಬಂಗಾರ ಹಿಡೀತದೇನ್ ಇದು?”

“ಇಲ್ರಿ ಕಾಕಾ, ನೆಲದಾಗ ಹಸಿ ಎಷ್ಟದ ಅಂತ ಹೇಳ್ತದ, ಅಷ್ಟೇ. ಬರ್ರಿ, ನೀವೇ ಹಿಡೀರಿ.”

ಹಿಡಿದು ನಾಲ್ಕು ಬಿಂದು ಓದಿದವರಿಗೆ ಬಂಗಾರದ ಮಾತು ಮರೆಯುತ್ತದೆ. ಮುಚ್ಚುಮರೆ ಮಾಡಿದಷ್ಟೂ ಸುದ್ದಿ ಬೆಳೆದು, ರಾತ್ರಿ ಹಾರೆ ಹಿಡಿದು ಬರುವವರು ಹೆಚ್ಚುತ್ತಾರೆ; ಒಂದು ರಾತ್ರಿಯ ಗುಂಡಿ ಎರಡು ಸಾವಿರ ವರ್ಷದ ಪದರವನ್ನು ಕಲಸಿಬಿಡುತ್ತದೆ. ಅದಕ್ಕೇ ಕೆಲಸ ಹಗಲಲ್ಲೇ, ಎಲ್ಲರ ಕಣ್ಣೆದುರೇ. ಏರುಪೇರು ಕಂಡ ಜಾಗಕ್ಕೆ ಬಾವುಟ, ಸುಣ್ಣದ ಗುರುತು, ಏನನ್ನೂ ಹಾಕುವುದಿಲ್ಲ. ನಕ್ಷೆಯ ನಿಖರ ಅಂಕಿಗಳು ಇಲಾಖೆಗೆ ಮಾತ್ರ. ಮೊಬೈಲಿನಲ್ಲಿ ಫೋಟೊ ತೆಗೆದು ಹಂಚುವುದಕ್ಕೂ ತಂಡದಲ್ಲಿ ಅವಕಾಶವಿಲ್ಲ.

ಕೊನೆಯ ದಿನ ಗೂಟ ಎಣಿಸಿ ಕೀಳಬೇಕು. ಹನ್ನೆರಡು ಚೌಕಕ್ಕೆ ಇಪ್ಪತ್ತು ಗೂಟ. ಒಂದು ಉಳಿದರೂ ಎತ್ತಿನ ಗೊರಸಿಗೋ ಕುಂಟೆಯ ಕುಡಕ್ಕೋ ತಾಕುತ್ತದೆ, ಮುಂದಿನ ವರ್ಷ ಆ ಹೊಲಕ್ಕೆ ನಮ್ಮನ್ನು ಸೇರಿಸುವುದಿಲ್ಲ. ಬದುವಿನ ಅಂಚಿಗೆ ಬರುವ ಎರಡು ಮೂಲೆಗಳಲ್ಲಿ ಮಾತ್ರ ಮಾಲೀಕರನ್ನು ಕೇಳಿ, ಕುಂಟೆ ಮುಟ್ಟದ ಹಾಗೆ ಎರಡು ಗೇಣು ಆಳದಲ್ಲಿ ಒಂದೊಂದು ಫರಸಿ ತುಂಡು ಹೂತೆವು. ಬಾವಿಯ ಮೂಲೆ, ಲೈಟ್ ಕಂಬ, ಗಡಿಗಲ್ಲು, ಈ ಮೂರರಿಂದ ಪ್ರತಿ ತುಂಡಿಗೆ ಎಷ್ಟು ದೂರವೆಂದು ಟೇಪಿನಲ್ಲಿ ಅಳೆದು ಪುಸ್ತಕದಲ್ಲಿ ಬರೆದುಕೊಂಡು, ಅದರ ಒಂದು ಪ್ರತಿಯನ್ನು ಹೊಲದವರ ಕೈಗೆ ಕೊಟ್ಟೆವು.